ಬ್ರೇಕಿಲ್ಲದ ಬಂಡಿ, ನಾಲ್ಕು ವರ್ಷದ ತಂಡ: ಮೈಸೂರು ಜಾವಾಕ್ಕೂ ಲಂಡನ್ನಿನ ಸ್ಪೀಡ್‌ವೇಗೂ ಏನು ನೆಂಟಸ್ತಿಕೆ?

ಹಿಂದೂಪುರ: ಜಾವಾ ಎಂದರೆ ನಮ್ಮ ಗಡಿನಾಡಿನ ಹಿರಿಯರಿಗೆ ಪರಿಚಯ ಮಾಡಿಕೊಡಬೇಕಾಗಿಲ್ಲ. ಕಲ್ಯಾಣದುರ್ಗವಿರಲಿ, ಮಡಕಶಿರವಿರಲಿ, ಆಚೆಯ ಪಾವಗಡ, ಗೌರಿಬಿದನೂರು ಇರಲಿ, ಬಂಡಿ ಕಣ್ಣಿಗೆ ಬೀಳುವ ಮೊದಲೇ ಅದರ ಸದ್ದಿನಿಂದಲೇ 'ಜಾವಾ ಬಂತು' ಎಂದು ಹೇಳುತ್ತಿದ್ದ ಕಾಲವೊಂದಿತ್ತು. ಆದರೆ ಅದೇ ಜಾವಾ ಹೆಸರಿನಲ್ಲಿ ಬ್ರೇಕೇ ಇಲ್ಲದ, ಒಂದೇ ಗೇರಿನ, ಎಡಕ್ಕೆ ಮಾತ್ರ ತಿರುಗುವ ಇನ್ನೊಂದು ಬಂಡಿ ಇತ್ತು ಎಂಬುದು ಎಷ್ಟು ಜನರಿಗೆ ಗೊತ್ತು? ಆ ಬಂಡಿ ಮೈಸೂರಿನಲ್ಲಿ ತಯಾರಾಗಲಿಲ್ಲ. ಅದರ ಮೇಲೆ ಕೂತವರು ವಿಶ್ವ ಚಾಂಪಿಯನ್ನರಾದರು. ಅದರ ಎಂಜಿನ್ನಿನ ವಂಶಾವಳಿ ಹುಡುಕುತ್ತಾ ಹೋದರೆ ನಾವು ಮುಟ್ಟುವುದು ಲಂಡನ್ನಿನ ಒಂದು ತಂಡವನ್ನು. 1929ರಲ್ಲಿ ಲೀಗ್ ಆಡಲು ಶುರು ಮಾಡಿ, ಅದೇ ವರ್ಷ ಚಾಂಪಿಯನ್ ಆಗಿ, 1932ಕ್ಕೆ ಬಾಗಿಲು ಹಾಕಿದ ತಂಡ ಅದು!

ಈ ಆಟದ ಹೆಸರು ಸ್ಪೀಡ್‌ವೇ. ನಮ್ಮ ದೇಶದಲ್ಲಿ ಇದು ಬೇರು ಬಿಡಲಿಲ್ಲ. ಹಾಗಿದ್ದರೂ ಹೆದ್ದಾರಿಯಲ್ಲಿ ಬೈಕು ಹಾರಿಸುವ ನಮ್ಮ ಹುಡುಗರನ್ನು ನೋಡಿದಾಗ ಈ ಹಳೆಯ ಕತೆಯಲ್ಲಿ ನಮಗೂ ಒಂದಿಷ್ಟು ಪಾಠ ಇದೆ ಎನಿಸುತ್ತದೆ.

ಏನಿದು ಸ್ಪೀಡ್‌ವೇ?

ಮೊದಲು ಆಟ ಏನೆಂದು ತಿಳಿದುಕೊಳ್ಳೋಣ. ಮೊಟ್ಟೆಯಾಕಾರದ ಒಂದು ಮಣ್ಣಿನ ದಾರಿ. ಒಂದು ಸುತ್ತು ಸುಮಾರು 260ರಿಂದ 425 ಮೀಟರ್. ಅಂದರೆ ಒಂದು ಹೈಸ್ಕೂಲು ಮೈದಾನದಲ್ಲಿ ಹಿಡಿಸುವಷ್ಟು. ಅದರಲ್ಲಿ ನಾಲ್ವರು ಸವಾರರು, ನಾಲ್ಕು ಸುತ್ತು. ಸುಮಾರು ಒಂದು ನಿಮಿಷದಲ್ಲಿ ಎಲ್ಲ ಮುಗಿದು ಹೋಗುತ್ತದೆ! ಓಟ ಗಡಿಯಾರದ ಮುಳ್ಳಿಗೆ ವಿರುದ್ಧ ದಿಕ್ಕಿನಲ್ಲಿ, ಆದ್ದರಿಂದ ತಿರುವುಗಳೆಲ್ಲ ಎಡಕ್ಕೇ.

ತಂಡಗಳ ಪಂದ್ಯವಾದರೆ ಒಂದೊಂದು ಓಟದಲ್ಲೂ ಎರಡು ತಂಡಗಳ ತಲಾ ಇಬ್ಬರು ಇರುತ್ತಾರೆ. ಇಂದಿನ ನಿಯಮದಂತೆ ಗೆದ್ದವನಿಗೆ 3, ಎರಡನೆಯವನಿಗೆ 2, ಮೂರನೆಯವನಿಗೆ 1 ಅಂಕ, ಕೊನೆಯವನಿಗೆ ಸೊನ್ನೆ. ಇಂಥ ಹದಿನೈದು ಓಟ ಸೇರಿದರೆ ಒಂದು ಪಂದ್ಯ. ಯಾರು ಯಾವ ತಂಡ ಎಂದು ದೂರದಿಂದಲೇ ತಿಳಿಯಲಿ ಎಂದು ಹೆಲ್ಮೆಟ್ಟಿಗೆ ಕೆಂಪು, ನೀಲಿ, ಬಿಳಿ, ಹಳದಿ ಬಟ್ಟೆ ಹೊದಿಸುತ್ತಾರೆ.

ಬಂಡಿಯೇ ಒಂದು ವಿಚಿತ್ರ. 500 ಸಿಸಿಯ ಒಂಟಿ ಸಿಲಿಂಡರ್ ಎಂಜಿನ್. ಕುಡಿಯುವುದು ಪೆಟ್ರೋಲಲ್ಲ, ಮೆಥನಾಲ್ ಎಂಬ ಮದ್ಯಸಾರ. ಬಂಡಿಯ ತೂಕ ಸುಮಾರು 80 ಕೆ.ಜಿ. ಅಷ್ಟೇ. ಗೇರು ಒಂದೇ. ಬ್ರೇಕು? ಇಲ್ಲವೇ ಇಲ್ಲ! ಮುಂದೂ ಇಲ್ಲ, ಹಿಂದೂ ಇಲ್ಲ.

ಬ್ರೇಕಿಲ್ಲದೆ ತಿರುವಿನಲ್ಲಿ ಹೇಗೆ ಬದುಕುತ್ತಾರೆ ಎಂದು ಕೇಳಬಹುದು. ಇಲ್ಲೇ ಆಟದ ಮರ್ಮ ಇರುವುದು. ತಿರುವು ಬರುತ್ತಿದ್ದಂತೆ ಸವಾರ ಆಕ್ಸಿಲರೇಟರ್ ಬಿಡುವುದಿಲ್ಲ, ಹಿಂದಿನ ಚಕ್ರವನ್ನು ಬೇಕೆಂದೇ ಜಾರಿಸುತ್ತಾನೆ. ಹಿಂದಿನ ಚಕ್ರ ಹೊರಕ್ಕೆ ಜಾರುತ್ತದೆ, ಮುಂದಿನ ಚಕ್ರವನ್ನು ಅವನು ಬಲಕ್ಕೆ ತಿರುಗಿಸಿ ಹಿಡಿಯುತ್ತಾನೆ, ಬಂಡಿ ಮಾತ್ರ ಅಡ್ಡಡ್ಡಲಾಗಿ ಎಡಕ್ಕೆ ತಿರುಗುತ್ತದೆ. ಎಡಗಾಲಿಗೆ ಕಟ್ಟಿಕೊಂಡ ಉಕ್ಕಿನ ಅಟ್ಟೆ ನೆಲವನ್ನು ಉಜ್ಜಿಕೊಂಡು ಹೋಗುತ್ತದೆ. ಜಾರುವಿಕೆಯೇ ವೇಗವನ್ನು ತಿನ್ನುವ ಬ್ರೇಕು, ಜಾರುವಿಕೆಯೇ ಬಂಡಿಯನ್ನು ತಿರುಗಿಸುವ ಶಕ್ತಿ. ಇಲ್ಲಿ ಹೆದರಿ ಆಕ್ಸಿಲರೇಟರ್ ಬಿಟ್ಟವನಿಗೇ ಅಪಾಯ ಹೆಚ್ಚು. ಜಾರುತ್ತಿದ್ದ ಚಕ್ರ ಥಟ್ಟನೆ ನೆಲ ಕಚ್ಚುತ್ತದೆ, ಬಂಡಿ ನೇರವಾಗಿ ಬೇಲಿಗೆ ನುಗ್ಗುತ್ತದೆ.

ಬ್ರೇಕು ಇಲ್ಲದಿರುವುದಕ್ಕೂ ಕಾರಣವಿದೆ. ನಾಲ್ವರು ಮೊಳ ದೂರದಲ್ಲಿ ಒಬ್ಬರ ಹಿಂದೊಬ್ಬರು ಜಾರುತ್ತಿರುವಾಗ ಮುಂದಿನವನು ಗಕ್ಕನೆ ಬ್ರೇಕು ಹಾಕಿದರೆ ಹಿಂದಿನವನ ಗತಿಯೇನು? ಯಾರಿಗೂ ಬ್ರೇಕಿಲ್ಲದಿದ್ದರೆ ಯಾರೂ ಹಠಾತ್ತನೆ ನಿಲ್ಲುವುದಿಲ್ಲ. ಸವಾರ ಬಿದ್ದರೆ ಅವನ ಮಣಿಕಟ್ಟಿಗೆ ಕಟ್ಟಿದ ದಾರ ಕಿತ್ತು ಬಂದು ಎಂಜಿನ್ ತಾನೇ ಆರುತ್ತದೆ.

ನಮ್ಮ ಜಾತ್ರೆಗಳಲ್ಲಿ ಮರದ ಹಲಗೆಯ ಸಾವಿನ ಬಾವಿಯೊಳಗೆ ಬೈಕು ಸುತ್ತುವುದನ್ನು ನೋಡಿದವರಿಗೆ ಇದರ ರೋಮಾಂಚನ ಅರ್ಥವಾದೀತು. ಆದರೆ ಒಂದು ವ್ಯತ್ಯಾಸ ಉಂಟು. ಬಾವಿಯದು ಪ್ರದರ್ಶನ, ಅಲ್ಲಿ ಸೋಲು ಗೆಲುವು ಇಲ್ಲ. ಸ್ಪೀಡ್‌ವೇಯದು ಪಂದ್ಯ.

ಆಸ್ಟ್ರೇಲಿಯಾದಿಂದ ಲಂಡನ್ನಿಗೆ

ಮಣ್ಣಿನ ದಾರಿಯಲ್ಲಿ ಬೈಕು ಓಡಿಸುವ ಪಂದ್ಯ ಅಮೆರಿಕ, ಆಸ್ಟ್ರೇಲಿಯಾಗಳಲ್ಲಿ ಮೊದಲೇ ಇತ್ತು. ಆದರೆ ಸ್ಪೀಡ್‌ವೇಯ ಹುಟ್ಟುಹಬ್ಬ ಎಂದು ಹೆಚ್ಚಿನವರು ಹೇಳುವುದು 1923ರ ಡಿಸೆಂಬರ್ 15ನ್ನು. ಅಂದು ಆಸ್ಟ್ರೇಲಿಯಾದ ನ್ಯೂ ಸೌತ್ ವೇಲ್ಸ್‌ನ ವೆಸ್ಟ್ ಮೈಟ್‌ಲ್ಯಾಂಡ್ ಎಂಬ ಊರಿನಲ್ಲಿ ವಿದ್ಯುತ್ ದೀಪದ ಬೆಳಕಿನಲ್ಲಿ ಒಂದು ಓಟ ನಡೆಯಿತು. ಅದರ ಹಿಂದಿದ್ದವರು ಜಾನಿ ಹಾಸ್ಕಿನ್ಸ್. ನಂತರ ಈ ಆಟವನ್ನು ಊರೂರಿಗೆ ಹರಡಿದವರಲ್ಲಿ ಅವರೇ ಪ್ರಮುಖರು.

ಇಂಗ್ಲೆಂಡಿಗೆ ಈ ಜ್ವರ ಹತ್ತಿದ್ದು 1928ರ ಫೆಬ್ರವರಿ 19ರಂದು. ಲಂಡನ್ ಹೊರವಲಯದ ಎಪ್ಪಿಂಗ್ ಕಾಡಿನ ಹೈ ಬೀಚ್ ಎಂಬಲ್ಲಿ ಒಂದು ಹೋಟೆಲಿನ ಹಿತ್ತಲ ಮೈದಾನದಲ್ಲಿ ಓಟ ಏರ್ಪಾಡಾಗಿತ್ತು. ಎರಡು ಮೂರು ಸಾವಿರ ಜನ ಬಂದಾರು ಎಂದುಕೊಂಡಿದ್ದರೆ, ಹತ್ತಾರು ಸಾವಿರ ಜನ ಮುಗಿಬಿದ್ದರು! ಜನ ದಾರಿಯ ಒಳಗೂ ಹೊರಗೂ ನಿಂತು ನೋಡಿದರು.

ಅಷ್ಟು ಸಾಕಾಯಿತು. ಅದೇ ವರ್ಷ ಲಂಡನ್, ಮ್ಯಾಂಚೆಸ್ಟರ್, ಗ್ಲಾಸ್ಗೋ ಎಲ್ಲೆಲ್ಲೂ ದಾರಿಗಳು ತಲೆ ಎತ್ತಿದವು. ಹೊಸದಾಗಿ ದಾರಿ ಕಟ್ಟುವ ತೊಂದರೆಯೂ ಹೆಚ್ಚಿರಲಿಲ್ಲ. ಫುಟ್‌ಬಾಲ್ ಅಂಗಳದ ಸುತ್ತ, ನಾಯಿ ಓಟದ ಅಂಗಳದ ಸುತ್ತ ಒಂದಿಷ್ಟು ಬೂದಿಗಲ್ಲಿನ ಪುಡಿ ಸುರಿದರೆ ದಾರಿ ಸಿದ್ಧ. ಇದ್ದ ಅಂಗಳವನ್ನೇ ಬಳಸಿಕೊಂಡಿದ್ದು ಈ ಆಟ ಬೇಗ ಬೆಳೆಯಲು ಕಾರಣ. ಬೇಗ ಸೊರಗಲೂ ಅದೇ ಕಾರಣವಾಯಿತು. ಅದನ್ನು ಮುಂದೆ ನೋಡೋಣ.

ಚೆಲ್ಸಿಯ ಅಂಗಳದಲ್ಲಿ ಹುಟ್ಟಿದ ತಂಡ

ಫುಟ್‌ಬಾಲ್ ನೋಡುವ ಹುಡುಗರಿಗೆ ಚೆಲ್ಸಿ ತಂಡ ಗೊತ್ತು, ಅದರ ಸ್ಟ್ಯಾಮ್‌ಫರ್ಡ್ ಬ್ರಿಜ್ ಅಂಗಳವೂ ಗೊತ್ತು. 1928ರ ಮೇ ತಿಂಗಳಲ್ಲಿ ಅದೇ ಅಂಗಳದ ಸುತ್ತ ಬೈಕುಗಳು ಜಾರತೊಡಗಿದವು. ಮರುವರ್ಷ, ಅಂದರೆ 1929ರಲ್ಲಿ ಇಂಗ್ಲೆಂಡಿನಲ್ಲಿ ಮೊದಲ ಬಾರಿಗೆ ಲೀಗ್ ಪದ್ಧತಿ ಬಂತು. ದಕ್ಷಿಣದವರಿಗೆ ಸದರ್ನ್ ಲೀಗ್, ಉತ್ತರದವರಿಗೆ ಇನ್ನೊಂದು ಲೀಗ್. ಅಲ್ಲಿಯವರೆಗೆ ಸವಾರ ತನಗಾಗಿ ಓಡುತ್ತಿದ್ದ. ಲೀಗ್ ಬಂದ ಮೇಲೆ ಊರಿಗಾಗಿ, ತಂಡಕ್ಕಾಗಿ ಓಡತೊಡಗಿದ. ನೋಡುವವರಿಗೂ 'ನಮ್ಮವರು' ಎಂಬ ಅಭಿಮಾನ ಹುಟ್ಟಿತು.

ಮೊದಲ ಸದರ್ನ್ ಲೀಗ್ ಗೆದ್ದದ್ದು ಸ್ಟ್ಯಾಮ್‌ಫರ್ಡ್ ಬ್ರಿಜ್ ತಂಡ. ವೆಂಬ್ಲಿ, ವೆಸ್ಟ್ ಹ್ಯಾಮ್, ವಿಂಬಲ್ಡನ್, ಕ್ರಿಸ್ಟಲ್ ಪ್ಯಾಲೆಸ್, ಸೌತಾಂಪ್ಟನ್, ಕವೆಂಟ್ರಿಯಂಥ ತಂಡಗಳನ್ನೆಲ್ಲ ಹಿಂದಿಕ್ಕಿ ಗೆದ್ದರು. ತಂಡದಲ್ಲಿ ಗಸ್ ಕುನ್ ಇದ್ದರು. ಐಲ್ ಆಫ್ ಮ್ಯಾನ್ ದ್ವೀಪದ ಪ್ರಸಿದ್ಧ ಟಿಟಿ ರೇಸಿನಲ್ಲಿ ಓಡಿಸಿ ಪಳಗಿದ್ದ ಕೈ ಅದು. ವಾಲ್ ಫಿಲಿಪ್ಸ್ ಎಂಬ ಇಪ್ಪತ್ತರ ಆಸುಪಾಸಿನ ಯುವಕನೂ ಇದ್ದ. ಅವನು ಓಡಿಸುವುದರಲ್ಲಿ ಎಷ್ಟು ಗಟ್ಟಿಗನೋ ಸ್ಪ್ಯಾನರ್ ಹಿಡಿಯುವುದರಲ್ಲೂ ಅಷ್ಟೇ ಗಟ್ಟಿಗ. ಈ ಹೆಸರನ್ನು ನೆನಪಿನಲ್ಲಿಡಿ.

ಸಂಭ್ರಮದ ಜೊತೆಗೆ ಸಾವೂ ಇತ್ತು. ಆ ಅಂಗಳದಲ್ಲೇ 19 ವರ್ಷದ ಹುಡುಗನೊಬ್ಬ ಅಪಘಾತದಲ್ಲಿ ಪ್ರಾಣ ಬಿಟ್ಟ. ಆಗಿನ್ನೂ ರಕ್ಷಣೆಯ ಸಾಧನಗಳು ಕಡಿಮೆ, ಬೇಲಿ ಗಟ್ಟಿ, ಅನುಭವ ಕಡಿಮೆ. ಆಟ ಕಲಿಯುತ್ತಲೇ ಆಡುತ್ತಿದ್ದ ಕಾಲ ಅದು.

ಇನ್ನೊಂದು ಸಂಗತಿಯನ್ನೂ ಹೇಳಬೇಕು. ಆ ಮೊದಲ ವರ್ಷಗಳಲ್ಲಿ ಐರ್ಲೆಂಡಿನ ಫೇ ಟೇಲರ್, ಯಾರ್ಕ್‌ಶೈರಿನ ಈವಾ ಆಸ್ಕ್ವಿತ್ ಎಂಬ ಹೆಣ್ಣುಮಕ್ಕಳು ಗಂಡಸರ ಸರಿಸಮಕ್ಕೆ ಓಡಿಸಿ, ಕೆಲವೊಮ್ಮೆ ಅವರನ್ನು ಸೋಲಿಸಿ ಹೆಸರು ಮಾಡಿದ್ದರು. 1930ರಲ್ಲಿ ಬ್ರಿಟನ್ನಿನ ಸ್ಪೀಡ್‌ವೇಯಿಂದ ಮಹಿಳೆಯರನ್ನೇ ಹೊರಗಿಡಲಾಯಿತು. ಕೈಯಲ್ಲಿ ಕಸುಬು ಇದ್ದೂ ಅಂಗಳವಿಲ್ಲದೆ ಅವರು ಬೇರೆ ದಾರಿ ಹಿಡಿಯಬೇಕಾಯಿತು. ಫೇ ಟೇಲರ್ ಕಾರು ರೇಸಿಗೆ ಹೋದರು.

ಗೆದ್ದ ತಂಡ ಮುಚ್ಚಿದ್ದೇಕೆ?

1930 ಮತ್ತು 1931ರಲ್ಲಿ ಸದರ್ನ್ ಲೀಗ್ ವೆಂಬ್ಲಿಯ ಪಾಲಾಯಿತು. 1932ರಲ್ಲಿ ಉತ್ತರ ದಕ್ಷಿಣದ ಲೀಗುಗಳ ಬದಲು ಒಂದೇ ನ್ಯಾಷನಲ್ ಲೀಗ್ ಬಂತು. ಏಕೆಂದರೆ ಎರಡು ಲೀಗಿಗೆ ಸಾಕಾಗುವಷ್ಟು ತಂಡಗಳೇ ಉಳಿದಿರಲಿಲ್ಲ! 1929ರಲ್ಲಿ ಅಣಬೆಯಂತೆ ಎದ್ದ ತಂಡಗಳಲ್ಲಿ ಎಷ್ಟೋ ಮೊದಲ ವರ್ಷವೇ, ಕೆಲವು ಲೀಗಿನ ನಡುವೆಯೇ ಬಿಟ್ಟು ಹೋದವು. ಸ್ಟ್ಯಾಮ್‌ಫರ್ಡ್ ಬ್ರಿಜ್ 1932ರ ಋತು ಮುಗಿಸಿತು. ಅಲ್ಲಿಗೆ ತಂಡದ ಕತೆಯೂ ಮುಗಿಯಿತು. 1933ರಲ್ಲಿ ಅದೇ ಅಂಗಳದಲ್ಲಿ ಗ್ರೇಹೌಂಡ್ ನಾಯಿಗಳ ಓಟ ಶುರುವಾಯಿತು.

ಜನ ಬರುತ್ತಿದ್ದರು, ಪ್ರಶಸ್ತಿಯೂ ಬಂದಿತ್ತು, ಆದರೂ ಏಕೆ ಹೀಗಾಯಿತು? ಆ ಕಾಲದ ಸ್ಪೀಡ್‌ವೇ ತಂಡಗಳನ್ನೆಲ್ಲ ಒಟ್ಟಿಗೆ ನೋಡಿದರೆ ಮೂರು ಕಾರಣ ಕಾಣುತ್ತವೆ.

ಮೊದಲನೆಯದು ನೆಲ. ತಂಡಕ್ಕೆ ಹೆಸರಿತ್ತು, ಅಂಗಳ ಅದರದಲ್ಲ. ಬೇರೆಯವರ ಅಂಗಳದಲ್ಲಿ ಒಕ್ಕಲು ಇದ್ದ ಹಾಗೆ. ಒಡೆಯನಿಗೆ ಬೇರೆಯದು ಹೆಚ್ಚು ಲಾಭ ಎನಿಸಿದ ದಿನ ಒಕ್ಕಲು ಎಬ್ಬಿಸುತ್ತಾನೆ. ನಾಯಿ ಓಟದಲ್ಲಿ ಬಾಜಿ ಕಟ್ಟಬಹುದು, ವಾರಕ್ಕೆ ಹಲವು ದಿನ ನಡೆಸಬಹುದು. ಬೈಕಿನವನಿಗೆ ಕೊಡಬೇಕಾದ ಸಂಭಾವನೆ ನಾಯಿಗೆ ಕೊಡಬೇಕಾಗಿಲ್ಲವಲ್ಲ!

ಎರಡನೆಯದು ಕಾಲ. 1929ರ ಅಕ್ಟೋಬರಿನಲ್ಲಿ ನ್ಯೂಯಾರ್ಕಿನ ಷೇರುಪೇಟೆ ಕುಸಿಯಿತು. ಮುಂದಿನ ಮೂರು ವರ್ಷ ಜಗತ್ತೇ ಹಣದ ಬರದಲ್ಲಿ ಒದ್ದಾಡಿತು. ಬ್ರಿಟನ್ನಿನಲ್ಲಿ ಲಕ್ಷಾಂತರ ಕಾರ್ಮಿಕರು ಕೆಲಸ ಕಳೆದುಕೊಂಡರು. ಸ್ಪೀಡ್‌ವೇಯ ಪ್ರೇಕ್ಷಕ ದುಡಿಯುವ ವರ್ಗದವನು. ಅವನ ಜೇಬು ಬರಿದಾದರೆ ಟಿಕೆಟ್ಟು ಯಾರು ಕೊಳ್ಳಬೇಕು?

ಮೂರನೆಯದು ಅತಿಯಾಸೆ. ಒಂದೇ ನಗರದಲ್ಲಿ ಹಲವಾರು ಅಂಗಳ, ಎಲ್ಲರಿಗೂ ಅವರದೇ ಪ್ರಸಿದ್ಧ ಸವಾರರು ಬೇಕು. ಒಬ್ಬರ ಮೇಲೊಬ್ಬರು ಹಣ ಏರಿಸಿದರು. ಮೊದಲ ವರ್ಷದ ಜನಸಾಗರ ಪ್ರತಿ ವರ್ಷವೂ ಬರುತ್ತದೆ ಎಂದು ಲೆಕ್ಕ ಹಾಕಿದವರು ಕೈಸುಟ್ಟುಕೊಂಡರು. ಒಂದು ವರ್ಷ ಟೊಮ್ಯಾಟೊಗೆ ಬೆಲೆ ಬಂತೆಂದು ಮರುವರ್ಷ ಊರಿಗೆ ಊರೇ ಟೊಮ್ಯಾಟೊ ಹಾಕಿದರೆ ಏನಾಗುತ್ತದೆ ಎಂದು ನಮ್ಮ ರೈತರಿಗೆ ಬೇರೆ ಹೇಳಬೇಕೆ?

ಆಟ ಮಾತ್ರ ಸಾಯಲಿಲ್ಲ. 1936ರಲ್ಲಿ ವೆಂಬ್ಲಿಯಲ್ಲಿ ಮೊದಲ ವಿಶ್ವ ಚಾಂಪಿಯನ್‌ಷಿಪ್ ನಡೆದು ಆಸ್ಟ್ರೇಲಿಯಾದ ಲಯೊನೆಲ್ ವಾನ್ ಪ್ರಾಗ್ ಗೆದ್ದರು. ಇಂದು ಪೋಲೆಂಡ್ ದೇಶ ಈ ಆಟದ ದೊಡ್ಡ ಮನೆ. ಅಲ್ಲಿ ಫುಟ್‌ಬಾಲಿಗೆ ಸೇರುವ ಹಾಗೆ ಸ್ಪೀಡ್‌ವೇಗೂ ಜನ ಸೇರುತ್ತಾರೆ.

ತಂಡ ಹೋಯಿತು, ಎಂಜಿನ್ ಉಳಿಯಿತು

ಈಗ ವಾಲ್ ಫಿಲಿಪ್ಸ್ ಕಡೆಗೆ ಬರೋಣ. ಸ್ಪೀಡ್‌ವೇಯ ಮೊದಲ ವರ್ಷಗಳಲ್ಲಿ ಬ್ರಿಸ್ಟಲಿನ ಡಗ್ಲಸ್ ಕಂಪನಿಯ ಅವಳಿ ಸಿಲಿಂಡರಿನ ಉದ್ದನೆಯ ಬಂಡಿಗಳದೇ ರಾಜ್ಯಭಾರ. ಆಮೇಲೆ ರಡ್ಜ್ ಬಂತು. 1930ರಲ್ಲಿ ಲಂಡನ್ನಿನ ಜೆ.ಎ. ಪ್ರೆಸ್ಟ್‌ವಿಚ್ ಕಂಪನಿ, ಅಂದರೆ 'ಜಾಪ್', ಈ ಆಟಕ್ಕೆಂದೇ 500 ಸಿಸಿಯ ಒಂಟಿ ಸಿಲಿಂಡರ್ ಎಂಜಿನ್ ಹೊರತಂದಿತು. ಅದನ್ನು ರೂಪಿಸಿದವರು ಕಂಪನಿಯ ಸ್ಟ್ಯಾನ್ ಗ್ರೀನಿಂಗ್. ಅಂಗಳಕ್ಕೆ ಇಳಿಸಿ ಪರೀಕ್ಷಿಸಿ ಹದಕ್ಕೆ ತರುವುದರಲ್ಲಿ ಕೈಜೋಡಿಸಿದವನು ಸ್ಟ್ಯಾಮ್‌ಫರ್ಡ್ ಬ್ರಿಜ್ ತಂಡದ ವಾಲ್ ಫಿಲಿಪ್ಸ್.

ಆ ಎಂಜಿನ್ ಏನು ಸಾಮಾನ್ಯವೆ? ಸುಮಾರು ಮೂರು ದಶಕ ಸ್ಪೀಡ್‌ವೇ ಎಂದರೆ ಜಾಪ್, ಜಾಪ್ ಎಂದರೆ ಸ್ಪೀಡ್‌ವೇ ಎಂಬಂತಾಯಿತು. ತಂಡ ಬದುಕಿದ್ದು ನಾಲ್ಕು ಋತು, ತಂಡದ ಹುಡುಗ ಕೈಹಚ್ಚಿದ ಎಂಜಿನ್ ಬದುಕಿದ್ದು ಮೂವತ್ತು ವರ್ಷ! ಫಿಲಿಪ್ಸ್ ಮುಂದೆ ಕಾರ್ಬುರೇಟರ್ ಬದಲು ಬೈಕಿಗೆ ಹಾಕುವ ಇಂಧನ ಇಂಜೆಕ್ಟರ್ ಒಂದನ್ನು ಮಾಡಿ ತನ್ನ ಹೆಸರಿನಲ್ಲೇ ಮಾರಿದ. ಗಸ್ ಕುನ್ ಲಂಡನ್ನಿನಲ್ಲಿ ಬೈಕು ಅಂಗಡಿ ಇಟ್ಟು ಹೆಸರಾದರು.

ಎರಡನೇ ಮಹಾಯುದ್ಧ ಮುಗಿದ ಮೇಲೆ ಕತೆ ಚೆಕೊಸ್ಲೊವಾಕಿಯಾಕ್ಕೆ ಹೊರಳುತ್ತದೆ. ಅಲ್ಲಿ ಜಾರೊಸ್ಲಾವ್ ಸಿಮಾಂಡ್ಲ್ ಎಂಬ ರೇಸ್ ಸವಾರ ಇದ್ದರು. ಬ್ರಿಟಿಷ್ ಜಾಪ್ ಎಂಜಿನ್ನಿಗೆ ಬಿಡಿಭಾಗ ಸಿಗುವುದು ಕಷ್ಟ. ಆಮದಿಗೆ ದುಡ್ಡೂ ಇಲ್ಲ, ಪರವಾನಗಿಯೂ ಇಲ್ಲ. ಬಿಡಿಭಾಗ ತಾವೇ ಮಾಡಿಕೊಳ್ಳಲು ಹೊರಟವರು ಕೊನೆಗೆ ಇಡೀ ಬಂಡಿಯನ್ನೇ ಮಾಡಿಬಿಟ್ಟರು. 1949ರಲ್ಲಿ ಹುಟ್ಟಿದ ಆ ಬಂಡಿಯ ಹೆಸರು 'ಎಸೊ'. ಚೆಕ್ ಭಾಷೆಯಲ್ಲಿ ಹಾಗೆಂದರೆ ಇಸ್ಪೀಟಿನ ಎಕ್ಕ. ದಿವಿಷೊವ್ ಎಂಬ ಸಣ್ಣ ಊರು ಅದರ ಕಾರ್ಖಾನೆಯ ನೆಲೆ.

1964ರಲ್ಲಿ ಎಸೊವನ್ನು ಜಾವಾದ ಜೊತೆ ಸೇರಿಸಲಾಯಿತು. ಕೆಲವು ವರ್ಷಗಳಲ್ಲಿ ಸ್ಪೀಡ್‌ವೇ ಬಂಡಿಯ ಮೇಲೂ ಜಾವಾ ಹೆಸರೇ ಬಂತು. ನ್ಯೂಜಿಲೆಂಡಿನ ಐವನ್ ಮೌಗರ್ 1968, 69, 70, 72, 77 ಮತ್ತು 79ರಲ್ಲಿ, ಒಟ್ಟು ಆರು ಬಾರಿ ವಿಶ್ವ ಚಾಂಪಿಯನ್ ಆದರು. ಡೆನ್ಮಾರ್ಕಿನ ಓಲೆ ಓಲ್ಸೆನ್ 1971, 75 ಮತ್ತು 78ರಲ್ಲಿ ಗೆದ್ದರು. ಇಬ್ಬರ ಹೆಸರೂ ಜಾವಾ ಜೊತೆ ಬೆಸೆದುಕೊಂಡಿದೆ.

ಇತ್ತ ಮೈಸೂರಿನಲ್ಲಿ...

ಅಂದಹಾಗೆ ಜಾವಾ ಕಂಪನಿ ಹುಟ್ಟಿದ್ದೂ 1929ರಲ್ಲೇ, ಸ್ಟ್ಯಾಮ್‌ಫರ್ಡ್ ಬ್ರಿಜ್ ಲೀಗ್ ಗೆದ್ದ ವರ್ಷ. ಫ್ರಾಂಟಿಷೆಕ್ ಯಾನೆಚೆಕ್ ಎಂಬ ಚೆಕ್ ಉದ್ಯಮಿ ಜರ್ಮನಿಯ ವಾಂಡರರ್ ಕಂಪನಿಯಿಂದ ಮೋಟಾರ್ ಸೈಕಲ್ ವಿನ್ಯಾಸ ಕೊಂಡರು. ಎರಡೂ ಹೆಸರಿನ ಮೊದಲ ಅಕ್ಷರಗಳು ಸೇರಿ ಜಾವಾ ಆಯಿತು. ಇಂಡೋನೇಷಿಯಾದ ದ್ವೀಪಕ್ಕೂ ಇದಕ್ಕೂ ಸಂಬಂಧ ಇಲ್ಲ.

ಮುಂಬಯಿಯ ಪಾರ್ಸಿ ಉದ್ಯಮಿಗಳಾದ ರುಸ್ತುಂ ಇರಾನಿ ಮತ್ತು ಫರೂಖ್ ಇರಾನಿ ಅವರು 1960ರಲ್ಲಿ ಐಡಿಯಲ್ ಜಾವಾ ಕಂಪನಿಯನ್ನು ಮೈಸೂರಿಗೆ ತಂದರು. 1961ರಲ್ಲಿ ಜಯಚಾಮರಾಜ ಒಡೆಯರ್ ಅವರು ಯಾದವಗಿರಿಯ ಕಾರ್ಖಾನೆಯನ್ನು ಉದ್ಘಾಟಿಸಿದರು. ಅವರು ಆಗ ಮೈಸೂರು ರಾಜ್ಯದ ರಾಜ್ಯಪಾಲರು. ಅಲ್ಲಿ ತಯಾರಾದದ್ದು ಮುಖ್ಯವಾಗಿ 250 ಸಿಸಿಯ ಎರಡು ಸ್ಟ್ರೋಕಿನ ಬಂಡಿ. ಕಿಕ್ ಹೊಡೆಯುವ ಕಡ್ಡಿಯೇ ಗೇರಿನ ಕಡ್ಡಿಯೂ ಆಗುತ್ತಿದ್ದ, ಒಂದು ಸಿಲಿಂಡರಿಗೆ ಎರಡು ಸೈಲೆನ್ಸರ್ ಇದ್ದ ಆ ಬಂಡಿಯನ್ನು ಮರೆಯುವುದುಂಟೆ? ಪರವಾನಗಿ ಒಪ್ಪಂದ ಮುಗಿದ ಮೇಲೆ 1973ರಿಂದ ಹೆಸರು ಯೆಜ್ಡಿ ಆಯಿತು. ಇರಾನಿನ ಯಜ್ದ್ ಪಟ್ಟಣದ ನೆನಪಿನ ಹೆಸರು ಅದು.

ಇಲ್ಲಿ ಒಂದು ಮಾತು ಸ್ಪಷ್ಟವಾಗಿರಲಿ. ಮೈಸೂರಿನ ಬಂಡಿಯ ಎಂಜಿನ್ ಜಾಪ್ ವಂಶದ್ದಲ್ಲ. ದಿವಿಷೊವ್‌ನ ಸ್ಪೀಡ್‌ವೇ ಬಂಡಿ ಮತ್ತು ಯಾದವಗಿರಿಯ ರಸ್ತೆ ಬಂಡಿ ಒಂದೇ ಮನೆತನದ ಎರಡು ಕವಲು ಅಷ್ಟೇ. ದಾಯಾದಿಗಳು ಎನ್ನಿ. ಒಬ್ಬ ಮದ್ಯಸಾರ ಕುಡಿದು ಗುಂಡಗೆ ಸುತ್ತುತ್ತಿದ್ದ, ಇನ್ನೊಬ್ಬ ಪೆಟ್ರೋಲಿಗೆ ಆಯಿಲ್ ಬೆರೆಸಿ ಕುಡಿದು ಕಡಲೆಕಾಯಿ ಮೂಟೆ ಹೊರುತ್ತಿದ್ದ!

ರೇಸಿನ ಆಸೆ ನಮ್ಮವರಿಗೆ ಇರಲಿಲ್ಲ ಎಂದಲ್ಲ. 1953ರಲ್ಲಿ ಹುಟ್ಟಿದ ಮದ್ರಾಸ್ ಮೋಟಾರ್ ಸ್ಪೋರ್ಟ್ಸ್ ಕ್ಲಬ್ ಯುದ್ಧಕಾಲದ ಶೋಲಾವರಂ ವಿಮಾನದ ಓಡುದಾರಿಯಲ್ಲಿ ದಶಕಗಳ ಕಾಲ ರೇಸ್ ನಡೆಸಿತು. ರಸ್ತೆ ಬಂಡಿಗಳನ್ನೇ ಬಿಚ್ಚಿ ಹಗುರ ಮಾಡಿ ಹುಡುಗರು ಅಲ್ಲಿ ಓಡಿಸುತ್ತಿದ್ದರು. ನಮ್ಮ ಸಿನಿಮಾವೂ ಹಿಂದೆ ಬೀಳಲಿಲ್ಲ. 1976ರ 'ನಾ ನಿನ್ನ ಮರೆಯಲಾರೆ' ಚಿತ್ರದಲ್ಲಿ ಡಾ. ರಾಜ್‌ಕುಮಾರ್ ಬೈಕ್ ರೇಸ್ ಸವಾರನ ಪಾತ್ರ ಮಾಡಿದ್ದರು.

ಹಾಗಾದರೆ ಸ್ಪೀಡ್‌ವೇ ಇಲ್ಲಿಗೆ ಏಕೆ ಬರಲಿಲ್ಲ? ಯೋಚಿಸಿ ನೋಡಿ. ಲೈಸೆನ್ಸ್ ರಾಜ್ಯದ ಆ ದಿನಗಳಲ್ಲಿ ಮಾಮೂಲಿ ಬೈಕಿಗೇ ಹೆಸರು ಬರೆಸಿ ವರ್ಷಗಟ್ಟಲೆ ಕಾಯಬೇಕಿತ್ತು. ರಸ್ತೆಯಲ್ಲಿ ಓಡಿಸಲಾಗದ, ಹೊರದೇಶದಿಂದಲೇ ತರಬೇಕಾದ ಬಂಡಿಗೆ ಯಾರು ಹಣ ಹಾಕಿಯಾರು? ನಮ್ಮ ರೇಸುಗಳು ವಿಮಾನದ ಓಡುದಾರಿಯಲ್ಲಿ ನಡೆದವು, ಊರ ನಡುವಿನ ಅಂಗಳದಲ್ಲಿ ಅಲ್ಲ. ಊರಿನ ತಂಡ, ವಾರದ ಪಂದ್ಯ ಎಂಬ ಪದ್ಧತಿ ಇಲ್ಲದೆ ಸ್ಪೀಡ್‌ವೇ ನಿಲ್ಲುವುದಿಲ್ಲ.

ಮೈಸೂರಿನ ಕಾರ್ಖಾನೆಯೂ ಉಳಿಯಲಿಲ್ಲ. 1984ರಿಂದ ಜಪಾನಿನ ನೆರವಿನ 100 ಸಿಸಿ ಬಂಡಿಗಳು ಬಂದವು. ಹೀರೋ ಹೋಂಡಾ ಸಿಡಿ 100, ಇಂಡ್ ಸುಜುಕಿ, ಯಮಾಹಾ ಆರ್‌ಎಕ್ಸ್ 100 ಬಂದ ಮೇಲೆ ಮೈಲೇಜು ನೋಡುವ ಗಿರಾಕಿ ಯೆಜ್ಡಿಯ ಕಡೆ ತಿರುಗಲಿಲ್ಲ. ಹೊಗೆಯ ಕಾನೂನು ಬಿಗಿಯಾಯಿತು. 1996ರಲ್ಲಿ ಕಾರ್ಖಾನೆ ಮುಚ್ಚಿತು. 2018ರಲ್ಲಿ ಜಾವಾ, 2022ರಲ್ಲಿ ಯೆಜ್ಡಿ ಹೆಸರು ಬೇರೆ ಕಂಪನಿಯ ಮೂಲಕ ಮಾರುಕಟ್ಟೆಗೆ ಮರಳಿತು. ಯಾದವಗಿರಿಯ ಆ ಸೈರನ್ನು ಮರಳಲಿಲ್ಲ.

ನಮ್ಮ ಹುಡುಗರಿಗೆ ಅಂಗಳ ಎಲ್ಲಿ?

ಈಗ ಅಸಲು ವಿಷಯಕ್ಕೆ ಬರೋಣ. ಸಂಜೆಯಾದರೆ ನಮ್ಮ ಊರುಗಳ ಹೊರರಸ್ತೆಯಲ್ಲಿ, ಹೆದ್ದಾರಿಯಲ್ಲಿ ಸೈಲೆನ್ಸರ್ ಕಿತ್ತು ಬೈಕು ಹಾರಿಸುವ ಹುಡುಗರನ್ನು ನೋಡುತ್ತೇವೆ. ಬೈದರೆ ಕೇಳುವ ವಯಸ್ಸಲ್ಲ. ಆದರೆ ಕಾನೂನು ಕೇಳುತ್ತದೆ. ಮೋಟಾರು ವಾಹನ ಕಾಯ್ದೆಯ 189ನೇ ಕಲಂ ಪ್ರಕಾರ ಸಾರ್ವಜನಿಕ ರಸ್ತೆಯಲ್ಲಿ ಅನುಮತಿಯಿಲ್ಲದೆ ರೇಸ್ ಮಾಡಿದರೆ, 2019ರ ತಿದ್ದುಪಡಿಯ ನಂತರ, ಮೊದಲ ಸಲಕ್ಕೆ ಮೂರು ತಿಂಗಳವರೆಗೆ ಜೈಲು ಅಥವಾ 5,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಮತ್ತೆ ಸಿಕ್ಕಿಬಿದ್ದರೆ ಒಂದು ವರ್ಷದವರೆಗೆ ಜೈಲು, 10,000 ರೂಪಾಯಿವರೆಗೆ ದಂಡ. ಹದಿನೆಂಟು ತುಂಬದ ಮಗ ಬೈಕಿನಲ್ಲಿ ಅಪರಾಧ ಮಾಡಿದರೆ 199ಎ ಕಲಂ ಪ್ರಕಾರ ಪೋಷಕರಿಗೆ ಅಥವಾ ಬಂಡಿಯ ಮಾಲೀಕರಿಗೆ ಮೂರು ವರ್ಷದವರೆಗೆ ಜೈಲು, 25,000 ರೂಪಾಯಿ ದಂಡ. ಮಗನಿಗೆ ಬೀಗದ ಕೈ ಕೊಡುವ ಮುನ್ನ ತಂದೆ ತಾಯಿ ಇದನ್ನು ಒಮ್ಮೆ ಓದಿಕೊಳ್ಳುವುದು ಒಳ್ಳೆಯದು.

ದಂಡ ಒಂದರಿಂದಲೇ ಆಸೆ ಅಡಗುವುದಿಲ್ಲ. ಸ್ಪೀಡ್‌ವೇ ಮಾಡಿದ್ದು ಅದೇ ಆಸೆಗೆ ಬೇಲಿ ಹಾಕಿದ ಕೆಲಸ. ಒಂದೇ ದಿಕ್ಕು, ಎದುರು ಬರುವ ಲಾರಿ ಇಲ್ಲ, ರಸ್ತೆ ದಾಟುವ ಮುದುಕಿ ಇಲ್ಲ, ಬಿದ್ದರೆ ಎತ್ತಲು ಜನ, ಪಕ್ಕದಲ್ಲೇ ವೈದ್ಯ. ಅಪಾಯ ಇಲ್ಲ ಎಂದಲ್ಲ, ಇದೆ. ಆದರೆ ಅದು ಒಪ್ಪಿಕೊಂಡು ಬಂದವನ ಅಪಾಯ. ದಾರಿಹೋಕನದಲ್ಲ. ನಮ್ಮ ಸೀಮೆಯಲ್ಲಿ ಎತ್ತುಗಳ ಬಂಡಲಾಗುಡು ಪಂದ್ಯಕ್ಕೆ ಅಂಗಳ ಅಳೆದು, ಹೊತ್ತು ನೋಡಿ, ನಿಯಮ ಮಾಡಿ ನಡೆಸುವುದಿಲ್ಲವೆ? ಹಾಗೆಯೇ ಇದೂ.

ದಾರಿ ತೀರಾ ಮುಚ್ಚಿಲ್ಲ. ಹೊಸೂರಿನ ಟಿವಿಎಸ್ ಕಂಪನಿ 1982ರಿಂದಲೇ ರೇಸ್ ತಂಡ ಕಟ್ಟಿಕೊಂಡು ಬಂದಿದೆ. ಚೆನ್ನೈ ಬಳಿಯ ಇರುಂಗಾಟ್ಟುಕೋಟ್ಟೈ ಮತ್ತು ಕೊಯಮತ್ತೂರಿನ ಕರಿ ಸ್ಪೀಡ್‌ವೇಗಳಲ್ಲಿ ರೇಸ್‌ಗೆಂದೇ ದಾರಿಗಳಿವೆ. ಕೊಯಮತ್ತೂರಿನದು ಹೆಸರಿನಲ್ಲಿ ಸ್ಪೀಡ್‌ವೇ, ಆದರೆ ಟಾರು ದಾರಿ. ಅದು ಈ ಮಣ್ಣಿನ ಆಟದ್ದಲ್ಲ. ಬೆಂಗಳೂರಿನ ಸಿ.ಎಸ್. ಸಂತೋಷ್ 2015ರಲ್ಲಿ ಡಕಾರ್ ರ‍್ಯಾಲಿಯಲ್ಲಿ ಓಡಿಸಿದ ಮೊದಲ ಭಾರತೀಯರಾದರು. ಬೆಂಗಳೂರಿನವರೇ ಆದ ಐಶ್ವರ್ಯಾ ಪಿಸ್ಸೆ 2019ರಲ್ಲಿ ಬಾಜಾ ವಿಶ್ವಕಪ್‌ನ ಮಹಿಳಾ ವಿಭಾಗ ಗೆದ್ದರು. 1930ರಲ್ಲಿ ಫೇ ಟೇಲರ್ ಅವರನ್ನು ಹೊರಗಿಟ್ಟ ಆಟಕ್ಕೆ ಇದಕ್ಕಿಂತ ಒಳ್ಳೆಯ ಉತ್ತರ ಬೇಕೆ?

2024ರಲ್ಲಿ ಶುರುವಾದ ಇಂಡಿಯನ್ ಸೂಪರ್‌ಕ್ರಾಸ್ ರೇಸಿಂಗ್ ಲೀಗ್ ಮಣ್ಣಿನ ಮೇಲೆ ತಂಡ ಕಟ್ಟಿ ಆಡುವ ಪದ್ಧತಿಯನ್ನು ತಂದಿತು. ಅದರ ಮೊದಲ ಋತುವಿನ ಬೆಂಗಳೂರು ಸುತ್ತು ಫೆಬ್ರವರಿಯಲ್ಲಿ ನಡೆದದ್ದು ಬಳ್ಳಾರಿ ರಸ್ತೆಯ ಚಿಕ್ಕಜಾಲದಲ್ಲಿ. ಹಿಂದೂಪುರದಿಂದ ಎರಡು ಗಂಟೆಯ ಹಾದಿ. ಅದು ಗುಡ್ಡೆಗಳ ಮೇಲೆ ಹಾರುವ ಆಟ, ಸ್ಪೀಡ್‌ವೇಯಂತೆ ಜಾರುವ ಆಟವಲ್ಲ. ಆದರೆ ತಂಡ, ಲೀಗು, ಟಿಕೆಟ್ಟು, ಸವಾರರ ಹರಾಜು ಎಲ್ಲ ಉಂಟು. 1929ರಲ್ಲಿ ಲಂಡನ್ನಿನಲ್ಲಿ ಇದ್ದ ಪ್ರಶ್ನೆಗಳೇ ಇದರ ಮುಂದೆಯೂ ಇವೆ. ಅಂಗಳ ಯಾರದು? ಜನ ಎರಡನೇ ವರ್ಷ, ಐದನೇ ವರ್ಷವೂ ಬರುತ್ತಾರೆಯೇ? ಸವಾರರಿಗೆ ಕೊಡುವ ಹಣಕ್ಕೂ ಗೇಟಿನಲ್ಲಿ ಬರುವ ಹಣಕ್ಕೂ ಹೊಂದಿಕೆ ಆಗುತ್ತದೆಯೇ?

ಆಸಕ್ತಿ ಇರುವ ಹುಡುಗರು ತಿಳಿಯಬೇಕಾದದ್ದು ಇಷ್ಟು. ದೇಶದಲ್ಲಿ ಮೋಟಾರ್ ಕ್ರೀಡೆಯ ಉಸ್ತುವಾರಿ ಭಾರತೀಯ ಮೋಟಾರ್ ಸ್ಪೋರ್ಟ್ಸ್ ಕ್ಲಬ್‌ಗಳ ಒಕ್ಕೂಟದ್ದು. ಅಧಿಕೃತ ಪಂದ್ಯದಲ್ಲಿ ಓಡಿಸಬೇಕಾದರೆ ಆ ಒಕ್ಕೂಟದ ಸ್ಪರ್ಧಾ ಲೈಸೆನ್ಸ್ ಬೇಕು. ಹೆಲ್ಮೆಟ್, ಕವಚ, ಬೂಟಿಗೇ ಒಳ್ಳೆ ಖರ್ಚಿದೆ. ಓಡಿಸಲು ಹಣವಿಲ್ಲದವನಿಗೂ ಜಾಗ ಉಂಟು, ಏಕೆಂದರೆ ಒಬ್ಬ ಸವಾರನ ಹಿಂದೆ ಹಲವು ಮೆಕ್ಯಾನಿಕ್‌ಗಳು ಬೇಕು.

ಸ್ಟ್ಯಾಮ್‌ಫರ್ಡ್ ಬ್ರಿಜ್‌ನ ಕತೆ ಹೇಳುವುದೂ ಅದನ್ನೇ ಅಲ್ಲವೆ? ಗೆದ್ದ ಕಪ್ಪು ಯಾವ ಕಪಾಟಿನಲ್ಲಿದ್ದರೂ ಯಾರೂ ಕೇಳುವುದಿಲ್ಲ. ಅಂಗಳದಲ್ಲಿ ಈಗ ಫುಟ್‌ಬಾಲ್ ಮಾತ್ರ. ಉಳಿದದ್ದು ಎಂಜಿನ್ ಬಿಚ್ಚಿ ಜೋಡಿಸಲು ಬರುತ್ತಿದ್ದ ಒಬ್ಬ ಹುಡುಗನ ಕೈಕೆಲಸ. ನಮ್ಮ ಗ್ಯಾರೇಜುಗಳಲ್ಲಿ ಅಂಥ ಕೈಗಳಿಗೆ ಕೊರತೆಯಿಲ್ಲ. ಹಿಂದೂಪುರ, ಕಲ್ಯಾಣದುರ್ಗಗಳಲ್ಲಿ ಊರಾಚೆ ಬೀಳು ಬಿದ್ದ ಸರ್ಕಾರಿ ನೆಲಕ್ಕೂ ಕೊರತೆಯಿಲ್ಲ. ಬೇಲಿ ಹಾಕಿದ ಒಂದು ಮಣ್ಣಿನ ಅಂಗಳ, ಪೊಲೀಸರ ಅನುಮತಿ, ಒಂದು ಆಂಬುಲೆನ್ಸ್ ಇಷ್ಟಿದ್ದರೆ ಹೆದ್ದಾರಿಯ ಮೇಲಿನ ಅರ್ಧ ಗಲಾಟೆ ಅಂಗಳದೊಳಗೆ ಬಂದೀತು. ಜನಪ್ರತಿನಿಧಿಗಳು, ಕ್ರೀಡಾ ಇಲಾಖೆಯವರು ಈ ಕಡೆ ಒಮ್ಮೆ ಕಣ್ಣು ಹಾಯಿಸಲಿ.